ಸಾವಿರ ಜನರನ್ನು ಉಳಿಸಿದ ಕ್ಯಾಪ್ಟನ್ ಹೇಡಿ ಹೇಗಾಗುತ್ತಾರೆ?

ಸಂಪಾದಕರಿಗೆ ನಮಸ್ಕಾರ.

ಎರಡನೇ ಮಹಾಯುದ್ಧದಲ್ಲಿ ಮುಳುಗಿದ ಜರ್ಮನ್ ಯುದ್ಧನೌಕೆಗಳ ಬಗ್ಗೆ ನಿಮ್ಮ ಭಾನುವಾರದ ಪುರವಣಿಯಲ್ಲಿ ಬಂದ ಲೇಖನ ಓದಿದೆ. ಬಿಸ್ಮಾರ್ಕ್‌ಗೆ ಅರ್ಧ ಪುಟ ಕೊಟ್ಟಿದ್ದೀರಿ. ಕೊನೇ ಗುಂಡಿನ ತನಕ ಹೋರಾಡಿ ವೀರಮರಣ ಅಪ್ಪಿದ ಹಡಗು ಅಂತ ಬರೆದಿದ್ದೀರಿ. ಆದರೆ ಅಡ್ಮಿರಲ್ ಗ್ರಾಫ್ ಸ್ಪೇ ಹಡಗಿಗೆ ಸಿಕ್ಕಿದ್ದು ಒಂದೇ ಒಂದು ಸಾಲು. ಅದರ ಕ್ಯಾಪ್ಟನ್ ಶತ್ರುಗಳಿಗೆ ಹೆದರಿ ತನ್ನ ಹಡಗನ್ನು ತಾನೇ ಮುಳುಗಿಸಿದ, ಅಷ್ಟೇ. ಆ ಒಂದು ಸಾಲು ನನ್ನನ್ನು ಸುಮ್ಮನೆ ಕೂರಲು ಬಿಡಲಿಲ್ಲ. ಪತ್ರ ಸ್ವಲ್ಪ ಉದ್ದವಾಗುತ್ತದೆ, ದಯವಿಟ್ಟು ಕತ್ತರಿ ಹಾಕಬೇಡಿ.

ಆ ಕ್ಯಾಪ್ಟನ್ ಹೆಸರು ಹಾನ್ಸ್ ಲ್ಯಾಂಗ್ಸ್‌ಡಾರ್ಫ್. 1939ರ ಆಗಸ್ಟ್‌ನಲ್ಲಿ, ಯುದ್ಧ ಶುರುವಾಗುವ ಮೊದಲೇ, ಅವರ ಹಡಗು ಜರ್ಮನಿ ಬಿಟ್ಟು ದಕ್ಷಿಣ ಅಟ್ಲಾಂಟಿಕ್ ಕಡೆಗೆ ಹೊರಟಿತ್ತು. ಬ್ರಿಟನ್ನಿಗೆ ಸಾಮಾನು ಸಾಗಿಸುವ ವ್ಯಾಪಾರಿ ಹಡಗುಗಳನ್ನು ಹಿಡಿದು ಮುಳುಗಿಸುವುದು ಅವರಿಗೆ ಕೊಟ್ಟ ಕೆಲಸ. ಸೆಪ್ಟೆಂಬರ್ ಕೊನೆಯಿಂದ ಡಿಸೆಂಬರ್ ಮೊದಲ ವಾರದ ಒಳಗೆ 9 ಹಡಗು ಮುಳುಗಿಸಿದರು, ಎಲ್ಲಾ ಸೇರಿ ಸುಮಾರು 50,000 ಟನ್. ಆ ಒಂಬತ್ತೂ ಹಡಗುಗಳಲ್ಲಿ ಸತ್ತವರು ಎಷ್ಟು ಗೊತ್ತಾ? ಒಬ್ಬರೂ ಇಲ್ಲ. ಮೊದಲು ಹಡಗು ನಿಲ್ಲಿಸುವುದು, ಒಳಗಿದ್ದವರನ್ನೆಲ್ಲ ಇಳಿಸಿಕೊಳ್ಳುವುದು, ಆಮೇಲೆ ಖಾಲಿ ಹಡಗನ್ನು ಮುಳುಗಿಸುವುದು. ಇದೇ ಅವರ ಕ್ರಮ. ಯುದ್ಧದಲ್ಲಿ ಇದು ಸುಲಭದ ಮಾತಲ್ಲ. ನಿಂತು ಜನರನ್ನು ಇಳಿಸಿಕೊಳ್ಳುವಷ್ಟು ಹೊತ್ತಿನಲ್ಲಿ ಶತ್ರುವಿನ ಕ್ರೂಸರ್, ಅಂದರೆ ವೇಗದ ಯುದ್ಧನೌಕೆ, ಬಂದು ಮೇಲೆ ಬೀಳಬಹುದು.

ಆ ಒಂಬತ್ತರಲ್ಲಿ ಒಂದು ಹಡಗಿನ ಹೆಸರು ಹಂಟ್ಸ್‌ಮನ್. ಅಕ್ಟೋಬರ್‌ನಲ್ಲಿ ಸಿಕ್ಕಿಬಿತ್ತು. ಕಲ್ಕತ್ತಾದಿಂದ ಚಹಾ, ಸೆಣಬು ಎಲ್ಲ ತುಂಬಿಕೊಂಡು ಇಂಗ್ಲೆಂಡಿಗೆ ಹೊರಟಿದ್ದ ಹಡಗು ಅದು. ಅದರಲ್ಲಿ ಕೆಲಸಕ್ಕಿದ್ದವರಲ್ಲಿ ನಮ್ಮ ದೇಶದ ನಾವಿಕರೇ ಜಾಸ್ತಿ. ಬ್ರಿಟಿಷರ ಹಡಗಿನಲ್ಲಿ ಕಲ್ಲಿದ್ದಲು ಎತ್ತಿ ಹಾಕುವ, ಡೆಕ್ ತೊಳೆಯುವ ಆ ಬಡವರಿಗೆ ಈ ಯುದ್ಧ ಯಾರದ್ದು, ಏತಕ್ಕೆ ಅಂತಲೂ ಸರಿಯಾಗಿ ಗೊತ್ತಿತ್ತೋ ಇಲ್ಲವೋ. ಅವರೂ ಬದುಕಿಕೊಂಡರು. ಗ್ರಾಫ್ ಸ್ಪೇ ಜೊತೆ ಆಲ್ಟ್‌ಮಾರ್ಕ್ ಅಂತ ಒಂದು ಸರಬರಾಜು ಹಡಗಿತ್ತು, ಸೆರೆಯಾದವರನ್ನು ಅದಕ್ಕೆ ದಾಟಿಸುತ್ತಿದ್ದರು. ಅಲ್ಲಿ ಅವರ ಪಾಡು ಚೆನ್ನಾಗಿರಲಿಲ್ಲ, ಕತ್ತಲೆಯ ಉಗ್ರಾಣಗಳಲ್ಲಿ ತುಂಬಿಟ್ಟಿದ್ದರು, ಅದನ್ನು ಮುಚ್ಚಿಡಬೇಕಾಗಿಲ್ಲ. ಆದರೆ 1940ರ ಫೆಬ್ರವರಿಯಲ್ಲಿ ನಾರ್ವೆಯ ಕಡಲ ಕಾಲುವೆಯೊಂದರಲ್ಲಿ ಬ್ರಿಟಿಷರು ಆ ಹಡಗನ್ನು ಹತ್ತಿದಾಗ 299 ಜನ ಜೀವಂತವಾಗಿ ಹೊರಗೆ ಬಂದರು. ಅವರಲ್ಲಿ ಭಾರತೀಯರೂ ಇದ್ದರು. ಕನ್ನಡದ ಪತ್ರಿಕೆಯೊಂದು ಲ್ಯಾಂಗ್ಸ್‌ಡಾರ್ಫ್ ಬಗ್ಗೆ ಬರೆಯುವಾಗ ಇದನ್ನಾದರೂ ಹೇಳಬೇಕಿತ್ತು ಅಲ್ವಾ?

ಇನ್ನು ಹೆದರಿದರು ಅನ್ನುವ ಮಾತು. 1939ರ ಡಿಸೆಂಬರ್ 13ರ ಬೆಳಿಗ್ಗೆ, ಉರುಗ್ವೆ ಮತ್ತು ಅರ್ಜೆಂಟೀನಾ ನಡುವೆ ಸಮುದ್ರ ಸೇರುವ ಪ್ಲೇಟ್ ನದಿಯ ಆಚೆ ಎಕ್ಸೆಟರ್, ಅಜಾಕ್ಸ್, ಅಕಿಲೀಸ್ ಅನ್ನುವ ಮೂರು ಕ್ರೂಸರ್‌ಗಳು ಎದುರಾದವು. ಲ್ಯಾಂಗ್ಸ್‌ಡಾರ್ಫ್ ಓಡಲಿಲ್ಲ, ನೇರ ಅವುಗಳ ಮೇಲೆ ನುಗ್ಗಿದರು. ನಿಜ ಹೇಳಬೇಕೆಂದರೆ ಅವರು ಮಾಡಿದ ತಪ್ಪೇ ಅದು. ದೂರದಿಂದಲೇ ತಮ್ಮ 28 ಸೆಂಟಿಮೀಟರಿನ ದೊಡ್ಡ ಫಿರಂಗಿಗಳಿಂದ ಹೊಡೆಯುವ ಬದಲು ಹತ್ತಿರ ಹೋದರು. ಎಕ್ಸೆಟರ್ ನಜ್ಜುಗುಜ್ಜಾಯಿತು, ಅದರಲ್ಲಿ 61 ಜನ ಸತ್ತರು. ಗ್ರಾಫ್ ಸ್ಪೇಯಲ್ಲಿ 36 ಜನ ಸತ್ತರು, ಲ್ಯಾಂಗ್ಸ್‌ಡಾರ್ಫ್ ಅವರಿಗೂ ಗಾಯವಾಯಿತು. ಹಡಗು ಮುಳುಗುವ ಸ್ಥಿತಿಯಲ್ಲೇನೂ ಇರಲಿಲ್ಲ. ಆದರೆ ಡೀಸೆಲ್ ಇಂಜಿನ್ನಿಗೆ ಹೋಗುವ ಇಂಧನವನ್ನು ಶುದ್ಧ ಮಾಡುವ ಘಟಕಕ್ಕೆ ಏಟು ಬಿದ್ದಿತ್ತು. ಅಡುಗೆಮನೆ ಹಾಳಾಗಿತ್ತು. ಮುಂಭಾಗದಲ್ಲಿ ತೂತು. ಮದ್ದುಗುಂಡು ಬಹುಪಾಲು ಖರ್ಚಾಗಿತ್ತು. ಚಳಿಗಾಲದ ಉತ್ತರ ಅಟ್ಲಾಂಟಿಕ್ ದಾಟಿ ಜರ್ಮನಿ ತಲುಪುವುದು ಆ ಹಡಗಿಗೆ ಆಗುವ ಮಾತಾಗಿರಲಿಲ್ಲ.

ಹಾಗಾಗಿ ಉರುಗ್ವೆಯ ಮಾಂಟೆವಿಡಿಯೊ ಬಂದರಿಗೆ ಹೋದರು. ತಟಸ್ಥ ದೇಶ. ಅವರು ಕೊಟ್ಟಿದ್ದು 72 ಗಂಟೆ. ಬಂದರಿಗೆ ಬಂದ ಕೂಡಲೇ ಹಡಗಿನಲ್ಲಿ ಸೆರೆಯಲ್ಲಿದ್ದ 60ಕ್ಕೂ ಹೆಚ್ಚು ಬ್ರಿಟಿಷ್ ನಾವಿಕರನ್ನು ಬಿಡುಗಡೆ ಮಾಡಿದರು. ಕಾಳಗ ನಡೆಯುವಾಗ ಇವರೆಲ್ಲ ಕೆಳಗಿನ ಕೋಣೆಯಲ್ಲಿ, ತಮ್ಮದೇ ನೌಕಾಪಡೆಯ ಗುಂಡುಗಳ ಕೆಳಗೆ ಬೀಗದೊಳಗೆ ಕೂತಿದ್ದರು. ಹೊರಗೆ ಬಂದು ಅವರು ಹೇಳಿದ್ದು ಲ್ಯಾಂಗ್ಸ್‌ಡಾರ್ಫ್ ತಮ್ಮನ್ನು ಮರ್ಯಾದೆಯಿಂದ ನಡೆಸಿಕೊಂಡರು ಅಂತ.

ಸತ್ತ ನಾವಿಕರ ಅಂತ್ಯಕ್ರಿಯೆ ಅಲ್ಲೇ ಮಾಂಟೆವಿಡಿಯೊದಲ್ಲಿ ನಡೆಯಿತು. ಅದರ ಒಂದು ಫೋಟೊ ಇದೆ, ನಿಮ್ಮ ಲೇಖನದಲ್ಲಿ ಹಾಕಬೇಕಿದ್ದದ್ದು ಅದನ್ನೇ. ಸುತ್ತ ನಿಂತವರು ಕೈ ಮುಂದೆ ಚಾಚಿ ನಾಜಿ ವಂದನೆ ಮಾಡುತ್ತಿದ್ದಾರೆ. ಲ್ಯಾಂಗ್ಸ್‌ಡಾರ್ಫ್ ಮಾತ್ರ ಟೋಪಿಯ ಅಂಚಿಗೆ ಕೈ ತಂದು ನೌಕಾಪಡೆಯ ಹಳೇ ಸೆಲ್ಯೂಟ್ ಹೊಡೆಯುತ್ತಿದ್ದಾರೆ. ಒಂದು ಫೋಟೊ ನೋಡಿ ಮನುಷ್ಯನನ್ನು ಪೂರ್ತಿ ಅಳೆಯುವುದು ತಪ್ಪು, ನನಗೂ ಗೊತ್ತು. ಅವರು ಹಿಟ್ಲರನ ನೌಕಾಪಡೆಯಲ್ಲೇ ಇದ್ದವರು, ಆ ಸರ್ಕಾರದ ಕೆಲಸವನ್ನೇ ಮಾಡಿದವರು. ಆದರೂ ಅಷ್ಟು ಜನರ ಕಣ್ಣೆದುರು, ಅಷ್ಟು ಕ್ಯಾಮೆರಾಗಳ ಎದುರು ಹಾಗೆ ನಿಲ್ಲುವುದಕ್ಕೆ ಗುಂಡಿಗೆ ಬೇಕು.

ಆ ಮೂರು ದಿನ ಬ್ರಿಟಿಷರು ಬೇಕಂತಲೇ ಸುದ್ದಿ ಹಬ್ಬಿಸಿದರು. ವಿಮಾನವಾಹಕ ಆರ್ಕ್ ರಾಯಲ್, ದೊಡ್ಡ ಯುದ್ಧನೌಕೆ ರಿನೌನ್ ಎಲ್ಲ ಹೊರಗೆ ಕಾಯುತ್ತಿವೆ ಅಂತ. ನಿಜವಾಗಿ ಹೊಸದಾಗಿ ಬಂದು ಸೇರಿದ್ದು ಕಂಬರ್‌ಲ್ಯಾಂಡ್ ಅನ್ನುವ ಒಂದೇ ಕ್ರೂಸರ್. ಲ್ಯಾಂಗ್ಸ್‌ಡಾರ್ಫ್ ನಂಬಿದರು. ಮೋಸ ಹೋದರು ಅನ್ನಿ, ಒಪ್ಪುತ್ತೇನೆ. ಬರ್ಲಿನ್ನಿಗೆ ತಂತಿ ಕಳಿಸಿ ಕೇಳಿದರು. ಉರುಗ್ವೆಯಲ್ಲಿ ಹಡಗು ಒಪ್ಪಿಸಿ ಕೂರುವುದು ಬೇಡ, ಮುಳುಗಿಸುವುದಾದರೆ ಯಾರ ಕೈಗೂ ಸಿಗದ ಹಾಗೆ ನಾಶ ಮಾಡಿ ಅಂತ ಉತ್ತರ ಬಂತು. ಅಂದರೆ ಇದು ಯಾರಿಗೂ ಹೇಳದೆ ಓಡಿಹೋದ ಕಥೆ ಅಲ್ಲ. ಮೇಲಿನವರ ಒಪ್ಪಿಗೆ ಇತ್ತು.

ಡಿಸೆಂಬರ್ 17, ಭಾನುವಾರ ಸಂಜೆ. ದಡದಲ್ಲಿ ಜನಜಾತ್ರೆ. ಇನ್ನೊಂದು ಸಮುದ್ರ ಯುದ್ಧ ನೋಡಬಹುದು ಅಂತ ಊರಿಗೆ ಊರೇ ಬಂದು ನಿಂತಿತ್ತು. ಬಂದರಿನಿಂದ ಕೆಲವೇ ಮೈಲು ಹೊರಗೆ ಹೋದ ಹಡಗು ನಿಂತಿತು, ಕೊನೆಗೆ ಉಳಿದಿದ್ದವರು ದೋಣಿಗೆ ಇಳಿದರು, ಸೂರ್ಯ ಮುಳುಗುವ ಹೊತ್ತಿಗೆ ಒಳಗಿಟ್ಟಿದ್ದ ಸಿಡಿಮದ್ದು ಒಂದರ ಹಿಂದೆ ಒಂದು ಸಿಡಿಯಿತು. ನೀರು ಅಲ್ಲಿ ಆಳ ಇಲ್ಲ. ಹಾಗಾಗಿ ಹಡಗು ಪೂರ್ತಿ ಮುಳುಗಲೂ ಇಲ್ಲ, ಮೇಲ್ಭಾಗ ನೀರಿನ ಮೇಲೆ ಕಾಣುತ್ತಾ ಉರಿಯುತ್ತಲೇ ಇತ್ತು. ಸಾವಿರಕ್ಕೂ ಹೆಚ್ಚು ನಾವಿಕರು ನದಿ ದಾಟಿ ಅರ್ಜೆಂಟೀನಾ ಸೇರಿದರು. ಅವರಲ್ಲಿ ಎಷ್ಟೋ ಹುಡುಗರು ಇನ್ನೂ ಇಪ್ಪತ್ತರ ಆಸುಪಾಸಿನವರು. ಹಲವರು ಅಲ್ಲೇ ಮದುವೆಯಾಗಿ, ಮನೆ ಕಟ್ಟಿ ನೆಲೆಯೂರಿದರು.

ಲ್ಯಾಂಗ್ಸ್‌ಡಾರ್ಫ್ ತಮ್ಮ ಹುಡುಗರೆಲ್ಲ ಸುರಕ್ಷಿತ ಅಂತ ಖಾತ್ರಿ ಮಾಡಿಕೊಂಡರು. ಬ್ಯೂನಸ್ ಐರಿಸ್‌ನಲ್ಲಿ ಕೂತು ಪತ್ರ ಬರೆದರು, ಹೆಂಡತಿಗೆ, ತಂದೆತಾಯಿಗೆ, ಜರ್ಮನ್ ರಾಯಭಾರಿಗೆ. ಹಡಗು ಮುಳುಗಿಸಿದ ಹೊಣೆ ಪೂರ್ತಿ ನನ್ನದೇ, ಬೇರೆ ಯಾರದ್ದೂ ಅಲ್ಲ ಅಂತ ಬರೆದಿಟ್ಟರು. ಆಮೇಲೆ ಹಡಗಿನ ಧ್ವಜ ಹಾಸಿ ಅದರ ಮೇಲೆ ಗುಂಡು ಹೊಡೆದುಕೊಂಡು ಸತ್ತರು. 45 ವರ್ಷ. ಜೀವ ತೆಗೆದುಕೊಂಡದ್ದನ್ನು ನಾನು ಹೊಗಳುತ್ತಿಲ್ಲ, ಬದುಕಿರಬೇಕಿತ್ತು. ಆದರೆ ಸಾವಿಗೆ ಹೆದರಿದವರು ಅಂತ ಮಾತ್ರ ಯಾರೂ ಹೇಳುವಂತಿಲ್ಲ. ಅವರ ಶವಯಾತ್ರೆಗೆ ಅವರೇ ಮುಳುಗಿಸಿದ್ದ ಬ್ರಿಟಿಷ್ ಹಡಗೊಂದರ ಕ್ಯಾಪ್ಟನ್ ಬಂದಿದ್ದರು!

ಈಗ ನಿಮ್ಮ ಬಿಸ್ಮಾರ್ಕ್ ವಿಷಯಕ್ಕೆ ಬರೋಣ, ಯಾಕೆಂದರೆ ಎರಡಕ್ಕೂ ನೇರ ನಂಟಿದೆ. ಗ್ರಾಫ್ ಸ್ಪೇ ಸುದ್ದಿ ಕೇಳಿ ಹಿಟ್ಲರ್ ಕೆಂಡವಾದ. ನೌಕಾಪಡೆ ಮುಖ್ಯಸ್ಥ ರೇಡರ್ ಆ ತಿಂಗಳಲ್ಲೇ ಆದೇಶ ಹೊರಡಿಸಿದರು. ಇನ್ನು ಮುಂದೆ ಜರ್ಮನ್ ಯುದ್ಧನೌಕೆ ಕೊನೇ ಗುಂಡಿನ ತನಕ ಹೋರಾಡಬೇಕು, ಗೆಲ್ಲಬೇಕು, ಇಲ್ಲವೇ ಬಾವುಟ ಹಾರುತ್ತಿರುವಾಗಲೇ ಮುಳುಗಬೇಕು. ಒಂದೂವರೆ ವರ್ಷದ ಮೇಲೆ, 1941ರ ಮೇ 26ರ ರಾತ್ರಿ, ಚುಕ್ಕಾಣಿ ಸಿಕ್ಕಿಕೊಂಡು ಬೇಕಾದ ಕಡೆ ತಿರುಗಲೂ ಆಗದ ಬಿಸ್ಮಾರ್ಕ್‌ನಿಂದ ಅಡ್ಮಿರಲ್ ಲ್ಯೂಟ್ಯೆನ್ಸ್ ಕಳಿಸಿದ ಸಂದೇಶದಲ್ಲಿ ಅದೇ ಮಾತಿದೆ, ಕೊನೇ ಗುಂಡಿನ ತನಕ ಹೋರಾಡುತ್ತೇವೆ ಅಂತ. ನೀವು ವೀರಮರಣ ಅಂದದ್ದು ಇದನ್ನೇ.

ಮಾರನೇ ಬೆಳಿಗ್ಗೆ ಏನಾಯಿತು ಅಂತ ನಿಮ್ಮ ಲೇಖನದಲ್ಲಿ ಇಲ್ಲ. ಕಿಂಗ್ ಜಾರ್ಜ್ 5, ರಾಡ್ನಿ ಮತ್ತೆ ಎರಡು ಕ್ರೂಸರ್ ಸೇರಿ ಸುಮಾರು ಒಂದೂವರೆ ಗಂಟೆ ಹೊಡೆದವು. ಬಿಸ್ಮಾರ್ಕ್‌ನ ಫಿರಂಗಿಗಳು ಬೇಗನೇ ಸುಮ್ಮನಾಗಿದ್ದವು, ಗುಂಡು ಬೀಳುವುದು ನಿಲ್ಲಲಿಲ್ಲ, ಬಾವುಟ ಇಳಿಯಲಿಲ್ಲ. 10 ಗಂಟೆ 39 ನಿಮಿಷಕ್ಕೆ ಹಡಗು ಮಗುಚಿ ಮುಳುಗಿತು. 2,200ಕ್ಕೂ ಹೆಚ್ಚು ಜನರಲ್ಲಿ ಉಳಿದವರು 115ರ ಹತ್ತಿರ. ಡಾರ್ಸೆಟ್‌ಶೈರ್ ಅನ್ನುವ ಬ್ರಿಟಿಷ್ ಕ್ರೂಸರ್ ಹಗ್ಗ ಇಳಿಬಿಟ್ಟು ನೀರಿನಲ್ಲಿದ್ದವರನ್ನು ಎಳೆದುಕೊಳ್ಳುತ್ತಿತ್ತು. ಎಣ್ಣೆ ಮೆತ್ತಿದ ಕೈಯಿಂದ ಹಗ್ಗ ಜಾರುತ್ತಿತ್ತು. ಎರಡೂ ಕೈ ಇಲ್ಲದ ಒಬ್ಬ ಜರ್ಮನ್ ಹಲ್ಲಿನಿಂದ ಹಗ್ಗ ಕಚ್ಚಿ ಹಿಡಿದಿದ್ದನಂತೆ, ಅವನನ್ನು ಉಳಿಸಲು ಡಾರ್ಸೆಟ್‌ಶೈರ್‌ನ ಒಬ್ಬ ಎಳೆ ಹುಡುಗ, ಅಧಿಕಾರಿಯಾಗಲು ತರಬೇತಿಯಲ್ಲಿದ್ದ ಮಿಡ್‌ಶಿಪ್‌ಮನ್, ಹಗ್ಗ ಹಿಡಿದು ಕೆಳಗಿಳಿದ. ಅಷ್ಟರಲ್ಲಿ ಸಬ್‌ಮರೀನ್ ಬಂದಿದೆ ಅಂತ ಅನುಮಾನ ಬಂದು ಹಡಗು ಹೊರಟೇಬಿಟ್ಟಿತು. ನೂರಾರು ಜನ ಕೂಗುತ್ತಾ ನೀರಲ್ಲೇ ಉಳಿದರು. ಕ್ಯಾಪ್ಟನ್ನನ್ನು ದೂರುವುದು ಕಷ್ಟ. ತನ್ನ ಹಡಗಿನವರ ಜೀವವೂ ಅವರ ಕೈಯಲ್ಲೇ ಇತ್ತು.

ಅದೇ ಡಾರ್ಸೆಟ್‌ಶೈರ್ ಒಂದು ವರ್ಷ ತುಂಬುವ ಮೊದಲೇ ನಮ್ಮ ಹಿಂದೂ ಮಹಾಸಾಗರದಲ್ಲಿ ಮುಳುಗಿತು. 1942ರ ಏಪ್ರಿಲ್ 5, ಸಿಂಹಳದ ನೈಋತ್ಯಕ್ಕೆ, ಜಪಾನಿ ವಿಮಾನಗಳ ಬಾಂಬಿಗೆ. ಜೊತೆಗಿದ್ದ ಕಾರ್ನ್‌ವಾಲ್ ಹಡಗೂ ಹೋಯಿತು. ಬದುಕಿದವರು 30 ಗಂಟೆಗೂ ಜಾಸ್ತಿ ಹೊತ್ತು ಉರಿಬಿಸಿಲಿನಲ್ಲಿ ನೀರಿನ ಮೇಲೆ ತೇಲುತ್ತಾ ಕಾದರು. ಅವರಿಗೋಸ್ಕರ ಒಂದು ಕ್ರೂಸರ್, ಎರಡು ಡಿಸ್ಟ್ರಾಯರ್ ಬಂದವು. 1,122 ಜನ ಉಳಿದರು. ಸಮುದ್ರದಲ್ಲಿ ಸೋತವರನ್ನೂ ಉಳಿಸಬಹುದು ಅನ್ನುವುದಕ್ಕೆ ಇದನ್ನು ಹೇಳಿದೆ.

ಮಧ್ಯ ಸಮುದ್ರದಲ್ಲಿ ಲ್ಯೂಟ್ಯೆನ್ಸ್‌ಗೆ ಬೇರೆ ದಾರಿ ಏನಿತ್ತು ಅಂತ ನೀವು ಕೇಳಬಹುದು. ಬಾವುಟ ಇಳಿಸುವ, ಅಂದರೆ ಶರಣಾಗುವ ದಾರಿ ಇತ್ತು. ಮೊದಲ ಮಹಾಯುದ್ಧದಲ್ಲಿ ಜರ್ಮನ್ನರೇ ಅದನ್ನು ಮಾಡಿದ್ದರು. ಎಮ್ಡೆನ್ ಹಡಗು ನೆನಪಿದೆಯಲ್ಲ, 1914ರ ಸೆಪ್ಟೆಂಬರ್ 22ರ ರಾತ್ರಿ ಮದ್ರಾಸಿನ ಎಣ್ಣೆ ಟ್ಯಾಂಕುಗಳಿಗೆ ಬೆಂಕಿ ಹಚ್ಚಿದ ಹಡಗು. ಚೆನ್ನೈ ಹೈಕೋರ್ಟ್ ಕಾಂಪೌಂಡಿನಲ್ಲಿ ಅದರ ಗುಂಡು ಬಿದ್ದ ಜಾಗಕ್ಕೆ ಫಲಕ ಇದೆ. ನವೆಂಬರ್ 9ಕ್ಕೆ ಕೋಕೋಸ್ ದ್ವೀಪಗಳ ಹತ್ತಿರ ಆಸ್ಟ್ರೇಲಿಯಾದ ಸಿಡ್ನಿ ಹಡಗಿಗೆ ಸೋತಾಗ ಕ್ಯಾಪ್ಟನ್ ಫಾನ್ ಮುಲ್ಲರ್ ಎಮ್ಡೆನ್ ಅನ್ನು ಮುಳುಗಲು ಬಿಡದೆ ಬಂಡೆಗೆ ಹತ್ತಿಸಿದರು, ಉಳಿದವರು ಬದುಕಲಿ ಅಂತ. ಬಾವುಟ ಇಳಿಸುವುದು ತಡವಾಗಿದ್ದಕ್ಕೆ ಇನ್ನೊಂದು ಸುತ್ತು ಗುಂಡು ಬಿತ್ತು, ಆಮೇಲೆ ಇಳಿಸಿದರು. 130ಕ್ಕೂ ಹೆಚ್ಚು ಜನ ಸತ್ತರು, ಮಿಕ್ಕವರು ಸೆರೆಯಾದರು. ಅವರನ್ನು ಯಾರೂ ಹೇಡಿ ಅನ್ನಲಿಲ್ಲ. ಜರ್ಮನಿ ಪದಕ ಕೊಟ್ಟಿತು, ಬದುಕುಳಿದ ನಾವಿಕರಿಗೆ ತಮ್ಮ ಹೆಸರಿನ ಜೊತೆ ಎಮ್ಡೆನ್ ಅಂತ ಸೇರಿಸಿಕೊಳ್ಳಲು ಅನುಮತಿ ಕೊಟ್ಟಿತು. ಮುಲ್ಲರ್ ಮಾಡಿದ್ದು ಸರಿ ಅಂತಾದರೆ ಲ್ಯಾಂಗ್ಸ್‌ಡಾರ್ಫ್ ಮಾಡಿದ್ದು ತಪ್ಪು ಹೇಗೆ?

ಬದಲಾದದ್ದು ಜರ್ಮನಿ. ರೇಡರ್ ಆದೇಶದ ಲೆಕ್ಕ ಬಿಸ್ಮಾರ್ಕ್‌ಗೆ ಮುಗಿಯಲಿಲ್ಲ. 1943ರ ಡಿಸೆಂಬರ್ 26ರಂದು ನಾರ್ವೆಯ ಉತ್ತರ ತುದಿಯ ಆಚೆ, ಕತ್ತಲಲ್ಲಿ, ಮಂಜುಗಟ್ಟುವ ನೀರಿನಲ್ಲಿ ಶಾರ್ನ್‌ಹಾರ್ಸ್ಟ್ ಮುಳುಗಿತು. ಅಲ್ಲಿಂದಲೂ ಹೋಗಿದ್ದು ಅದೇ ಕೊನೇ ಗುಂಡಿನ ಸಂದೇಶ. ಹಡಗಿನಲ್ಲಿ 1,968 ಜನ. ಉಳಿದದ್ದು 36.

ಮುಂದಿನ ವಾರ ಶಾರ್ನ್‌ಹಾರ್ಸ್ಟ್ ಬಗ್ಗೆ ಬರುತ್ತದೆ ಅಂತ ಲೇಖನದ ಕೊನೆಯಲ್ಲಿ ಹಾಕಿದ್ದೀರಿ. ನನ್ನ ಕೋರಿಕೆ ಇಷ್ಟೇ. ಫಿರಂಗಿ ಎಷ್ಟು ಇಂಚು, ಉಕ್ಕು ಎಷ್ಟು ದಪ್ಪ ಅಂತ ಹಾಕುವ ಚೌಕದಲ್ಲೇ ಒಳಗೆ ಎಷ್ಟು ಜನ ಇದ್ದರು, ಎಷ್ಟು ಜನ ಉಳಿದರು ಅಂತಲೂ ಹಾಕಿ. ಗ್ರಾಫ್ ಸ್ಪೇ ಬಗ್ಗೆ ಬರೆದ ಆ ಸಾಲನ್ನು ತಿದ್ದಿ. ಹಾಗೇ ಇನ್ನೊಂದು ಮಾತು. ನಮ್ಮ ಕರಾವಳಿಯಲ್ಲಿ ಹಡಗಿನ ಕೆಲಸಕ್ಕೆ ಹೋದವರ ಮನೆಗಳು ಬೇಕಾದಷ್ಟಿವೆ. ಆ ಯುದ್ಧದ ಕಾಲದಲ್ಲಿ ಬ್ರಿಟಿಷರ ವ್ಯಾಪಾರಿ ಹಡಗಿನಲ್ಲಿದ್ದ ಅಜ್ಜಂದಿರ ಕಾಗದ ಪತ್ರ, ಫೋಟೊ ಯಾರ ಮನೆಯಲ್ಲಾದರೂ ಇದ್ದರೆ ಕಳಿಸಿ ಅಂತ ಪತ್ರಿಕೆಯಲ್ಲಿ ಒಂದು ಕರೆ ಕೊಡಿ. ಕೇಳಿದರೆ ಖಂಡಿತ ಕಳಿಸುತ್ತಾರೆ.

ಇತಿ,
ನಿಮ್ಮ ಹಳೇ ಓದುಗ,
ಕಾರವಾರ