ಆರೂವರೆಯ ಗಂಟೆ

ಕಳೆದ ತಿಂಗಳು ನನ್ನ ಪಿಎಚ್.ಡಿ. ಮೌಖಿಕ ಪರೀಕ್ಷೆ ಮುಗಿಯಿತು. ತಂದೆಯವರು ತೀರಿಕೊಂಡ ಮೇಲೆ ಎರಡು ವರ್ಷ ಪ್ರಬಂಧದ ಮೂರನೆಯ ಅಧ್ಯಾಯವನ್ನು ದಾಟಲಾರದೆ ಕುಳಿತಿದ್ದ ನನಗೆ ಊಟ ತಂದುಕೊಟ್ಟ ಗೆಳೆಯರಿಗೂ, ಹೊತ್ತಲ್ಲದ ಹೊತ್ತಿನಲ್ಲಿ ಫೋನೆತ್ತಿಕೊಂಡ ಅಕ್ಕ-ಭಾವನವರಿಗೂ ಬೇರೆಯಾಗಿ ಬರೆದಿದ್ದೇನೆ. ಇಲ್ಲಿ ಎಲ್ಲರೆದುರು ನೆನೆಯಬೇಕಾಗಿರುವುದು ನಾನು ಕಣ್ಣಾರೆ ಕಾಣದ, 2007ರಲ್ಲಿಯೇ ನಿಧನರಾದ ಅಮೆರಿಕದ ಕಾಲೇಜು ಫುಟ್‌ಬಾಲ್ ಕೋಚ್ ಎಡ್ಡಿ ರಾಬಿನ್‌ಸನ್ ಅವರನ್ನು.

ನಾನು ಬಾಡಿಗೆಗಿದ್ದ ಮನೆ ಉತ್ತರ ಲೂಯಿಸಿಯಾನದ ಗ್ರ್ಯಾಂಬ್ಲಿಂಗ್ ಎಂಬ ಪುಟ್ಟ ಊರಿನ ಸಮೀಪದಲ್ಲಿತ್ತು. ಎಪ್ಪತ್ತು ದಾಟಿದ ಮನೆಯ ಯಜಮಾನರು ವಿದ್ಯಾರ್ಥಿಯಾಗಿದ್ದಾಗ ರಾಬಿನ್‌ಸನ್ ಅವರ ತಂಡದಲ್ಲಿ ಆಡಿದವರು. (ಅಂಡಾಕಾರದ ಚೆಂಡಿನ ಅಮೆರಿಕನ್ ಫುಟ್‌ಬಾಲ್, ಅದರ ನಿಯಮಗಳು ನನಗೆ ಈಗಲೂ ಪೂರ್ತಿ ತಿಳಿದಿಲ್ಲ.) ನಾನು ಹಗಲೆಲ್ಲ ಪರದೆ ಎಳೆದುಕೊಂಡು ಮಲಗಿರುತ್ತಿದ್ದುದನ್ನು ಗಮನಿಸಿದ ಅವರು ಒಂದು ಬೆಳಿಗ್ಗೆ ಆರೂವರೆಗೆ ಬಾಗಿಲ ಮುಂದೆ ನಿಂತು, ಹಸುವಿನ ಕೊರಳಿಗೆ ಕಟ್ಟುವಂಥ ಗಂಟೆಯೊಂದನ್ನು ಬಾರಿಸಿದರು. ನನಗೆ ಸಿಟ್ಟೇ ಬಂತು. ಮರುದಿನವೂ ಬಾರಿಸಿದರು. ಮೂರನೆಯ ದಿನ ಕಾಫಿ ಕುಡಿಯುತ್ತ ಕಾರಣ ಹೇಳಿದರು: ಕೋಚ್ ಅಂಥದೇ ಗಂಟೆ ಹಿಡಿದು, ಅದೇ ಹೊತ್ತಿಗೆ ಹಾಸ್ಟೆಲಿನ ಕೋಣೆಗಳ ಮುಂದೆ ನಡೆದು, ಆಟಗಾರರನ್ನು ಎಬ್ಬಿಸುತ್ತಿದ್ದರಂತೆ. ಎಬ್ಬಿಸುತ್ತಿದ್ದುದು ಅಭ್ಯಾಸಕ್ಕಲ್ಲ, ತರಗತಿಗೆ.

ಆಮೇಲೆ ಕೋಚ್ ಬಗ್ಗೆ ಓದುತ್ತ ಹೋದೆ. ಗಂಟೆಗೆ 25 ಸೆಂಟ್ ಕೂಲಿಗೆ ಮೇವಿನ ಗಿರಣಿಯಲ್ಲಿ ದುಡಿಯುತ್ತಿದ್ದ ಈ ಯುವಕ 1941ರಲ್ಲಿ, ತಮ್ಮ 22ನೆಯ ವಯಸ್ಸಿನಲ್ಲಿ, ಗ್ರ್ಯಾಂಬ್ಲಿಂಗ್‌ನಲ್ಲಿದ್ದ ಆಫ್ರಿಕನ್-ಅಮೆರಿಕನ್ ವಿದ್ಯಾರ್ಥಿಗಳ ಸಣ್ಣ ಕಾಲೇಜಿಗೆ ಕೋಚ್ ಆಗಿ ಬಂದರು. ಮೈದಾನದ ಹುಲ್ಲು ಕತ್ತರಿಸುವುದು, ಸುಣ್ಣದ ಗೆರೆ ಎಳೆಯುವುದು ಕೂಡ ಅವರದೇ ಕೆಲಸ. ದಕ್ಷಿಣದ ರಾಜ್ಯಗಳ ಹೋಟೆಲುಗಳು ಅವರ ಹುಡುಗರನ್ನು ಒಳಗೆ ಬಿಟ್ಟುಕೊಳ್ಳದ ಆ ಕಾಲದಲ್ಲಿ, ಪ್ರಯಾಣಕ್ಕೆ ಮುನ್ನ ಸ್ಯಾಂಡ್‌ವಿಚ್‌ಗಳನ್ನು ತಾವೇ ಮಾಡಿ ಕಟ್ಟಿಕೊಳ್ಳುತ್ತಿದ್ದರು. ಮರುವರ್ಷ, 1942ರಲ್ಲಿ, ಅವರ ತಂಡ ಎದುರಾಳಿಗಳಿಗೆ ಒಂದೇ ಒಂದು ಅಂಕವನ್ನೂ ಬಿಟ್ಟುಕೊಡದೆ ಎಲ್ಲ ಪಂದ್ಯಗಳನ್ನೂ ಗೆದ್ದಿತು. 1997ರಲ್ಲಿ ನಿವೃತ್ತರಾಗುವಾಗ ಅವರ ಗೆಲುವುಗಳು 408. ವೃತ್ತಿಪರ ಲೀಗಿಗೆ ಹೋದ ಶಿಷ್ಯರು 200ಕ್ಕೂ ಹೆಚ್ಚು. ಅವರಲ್ಲೊಬ್ಬರಾದ ಡಗ್ ವಿಲಿಯಮ್ಸ್ 1988ರಲ್ಲಿ ಆ ಲೀಗಿನ ಅಂತಿಮ ಪಂದ್ಯವಾದ ಸೂಪರ್ ಬೌಲ್ ಗೆದ್ದ ಮೊದಲ ಕಪ್ಪುವರ್ಣದ ಕ್ವಾರ್ಟರ್‌ಬ್ಯಾಕ್ (ತಂಡದ ದಾಳಿಯನ್ನು ಮುನ್ನಡೆಸುವ ಆಟಗಾರ) ಎನಿಸಿಕೊಂಡರು. ಗುರುಗಳ ನಿವೃತ್ತಿಯ ನಂತರ ಅದೇ ತಂಡದ ಹೊಣೆಯನ್ನೂ ಹೊತ್ತರು.

ನಮ್ಮ ಮನೆಯ ಯಜಮಾನರ ಹೆಸರು ಯಾವ ದಾಖಲೆಯಲ್ಲೂ ಇಲ್ಲ. ಅವರು ಲೀಗ್ ಸೇರಲಿಲ್ಲ. ಪದವಿ ಮುಗಿಸಿ ಮೂವತ್ತು ವರ್ಷ ಶಾಲೆಯಲ್ಲಿ ಗಣಿತ ಹೇಳಿಕೊಟ್ಟರು. ಹನ್ನೊಂದು ತಿಂಗಳು ಅವರು ತಪ್ಪದೆ ಬಾರಿಸಿದ ಗಂಟೆಗೆ ಎದ್ದು ನಾನು ಉಳಿದ ಅಧ್ಯಾಯಗಳನ್ನು ಬರೆದೆ. ಅವರಿಗೆ ನನ್ನ ನಮಸ್ಕಾರಗಳು. ತಮ್ಮ ಹೆಸರು ಎಲ್ಲಿಯೂ ಬೇಡವೆಂದು ಹಟ ಹಿಡಿದದ್ದರಿಂದ ಪ್ರಬಂಧದ ಕೃತಜ್ಞತೆಯ ಪುಟದಲ್ಲಿ ಕೋಚ್ ರಾಬಿನ್‌ಸನ್ ಅವರ ಹೆಸರನ್ನಷ್ಟೇ ಬರೆದಿದ್ದೇನೆ.

ಆ ಪುಟವನ್ನು ಫೋನಿನಲ್ಲಿ ಕನ್ನಡಕ್ಕೆ ತಿರುಗಿಸಿ ಓದಿ ಹೇಳಿದಾಗ ಅಮ್ಮ, "ಇವರು ನಿನ್ನ ಮೇಷ್ಟ್ರೇನಪ್ಪಾ?" ಎಂದು ಕೇಳಿದರು. ಹೌದಮ್ಮ ಎಂದೆ.