ಕತ್ತರಿಗೆ ಕೆಲಸವಿಲ್ಲ ಅಂದವಳಿಗೆ

ಚಿ. ಪುಟ್ಟಿಗೆ ನಿನ್ನ ಮಾವ ಮಾಡುವ ಆಶೀರ್ವಾದಗಳು. ನಾವೆಲ್ಲ ಕ್ಷೇಮ. ನಿಮ್ಮತ್ತೆಯ ಮಂಡಿನೋವು ಮಾತ್ರ ಹಾಗೇ ಇದೆ.

ಸಿನಿಮಾ ಎಡಿಟಿಂಗ್ ಕೆಲಸದ ಬಗ್ಗೆ ನೀನು ಬರೆದ ಪತ್ರ ಎರಡು ಸಲ ಓದಿದೆ. "ಎಂಟೆಂಟು ನಿಮಿಷದ ಶಾಟ್ ತಂದು ಸುರೀತಾರೆ ಮಾವ, ಕತ್ತರಿ ಹಾಕೋಕೆ ಜಾಗವೇ ಇಲ್ಲ, ನಾನ್ಯಾಕೆ ಬೇಕು ಇವರಿಗೆ?" ಅಂತ ಕೇಳಿದ್ದೀಯ.

ಹಂಗೇರಿಯಲ್ಲಿ ಆಗ್ನೆಶ್ ಹ್ರನಿಟ್ಸ್ಕಿ ಅಂತ ಒಬ್ಬಾಕೆ. 1945ರಲ್ಲಿ ಹುಟ್ಟಿದವಳು. ಎಂಬತ್ತರ ದಶಕದ ಶುರುವಿನಿಂದ ಬೇಲಾ ತಾರ್ ಎಂಬ ನಿರ್ದೇಶಕನ ಸಿನಿಮಾಗಳಿಗೆ ಸಂಕಲನ ಮಾಡಿದಳು. ಅವನ ಬಾಳಸಂಗಾತಿಯೂ ಆಗಿದ್ದಳು. 1994ರ 'ಸಾತಾನ್‌ಟ್ಯಾಂಗೊ' ಏಳು ಗಂಟೆಗೂ ಮೀರಿದ ಚಿತ್ರ. ಹಸುಗಳು ಕೊಟ್ಟಿಗೆಯಿಂದ ಕೆಸರಿಗೆ ಇಳಿಯುವ ಮೊದಲ ಶಾಟೇ ಏಳೆಂಟು ನಿಮಿಷ. 2000ದ 'ವರ್ಕ್‌ಮೈಸ್ಟರ್ ಹಾರ್ಮನೀಸ್' ಸುಮಾರು 145 ನಿಮಿಷ, ಶಾಟ್‌ಗಳು ಬರೀ 39. 2011ರ 'ಟ್ಯೂರಿನ್ ಹಾರ್ಸ್'ಗೆ ಮೂವತ್ತರಷ್ಟು. ಒಂದು ಫೈಟ್ ಸೀನಿಗೇ ಇದಕ್ಕಿಂತ ಹೆಚ್ಚು ಜಾಯಿಂಟ್ ಹಾಕ್ತಿದ್ದೆ ನಾನು!

ಹಾಗಾದರೆ ಆಯಮ್ಮ ಮಾಡಿದ್ದೇನು? ಶೂಟಿಂಗ್ ಜಾಗದಲ್ಲೇ ಇರ್ತಿದ್ದಳು. 35 ಎಂಎಂ ರೀಲು 1,000 ಅಡಿ. ಓಡೋದು ಹನ್ನೊಂದು ನಿಮಿಷ. ಅಷ್ಟುದ್ದದ ಟೇಕ್‌ನಲ್ಲಿ ಎಲ್ಲೋ ಒಂದು ಕಡೆ ಲಯ ಜೋತುಬಿದ್ದರೆ ಆಮೇಲೆ ಎಡಿಟಿಂಗ್ ಟೇಬಲ್ ಮೇಲೆ ರಿಪೇರಿ ಇಲ್ಲ. ಬೇರೆ ಆಂಗಲ್ ತೂರಿಸೋಣ ಅಂದರೆ, ತೆಗೆದಿದ್ದರೆ ತಾನೇ? ಕ್ಯಾಮೆರಾ ಓಡುವಾಗಲೇ ಎಡಿಟಿಂಗ್ ಆಗಿಹೋಗಬೇಕು. 'ವರ್ಕ್‌ಮೈಸ್ಟರ್'ನಿಂದ ಮುಂದಕ್ಕೆ ಸಹನಿರ್ದೇಶನದಲ್ಲೂ ಅವಳ ಹೆಸರು ಬಂದದ್ದು ಅದಕ್ಕೇ ಇರಬೇಕು. (ನಮ್ಮಲ್ಲಿ ಸಹನಿರ್ದೇಶಕ ಅಂದರೆ ಕಲಾವಿದರನ್ನು ಕರೆತರೋದು, ಕ್ಲ್ಯಾಪ್ ಹೊಡೆಸೋದು. ಅದಲ್ಲ ಇದು.)

'ಟ್ಯೂರಿನ್ ಹಾರ್ಸ್' ನೋಡು. ಅಪ್ಪ, ಮಗಳು, ಹೊರಗೆ ನಿಲ್ಲದ ಗಾಳಿ. ಊಟಕ್ಕೆ ತಲೆಗೊಂದು ಬೇಯಿಸಿದ ಆಲೂಗಡ್ಡೆ. ಮೊದಲ ದಿನ ಕ್ಯಾಮೆರಾ ಅಪ್ಪನ ಮೇಲೆ. ಬಲಗೈ ಸ್ವಾಧೀನವಿಲ್ಲದ ಮುದುಕ ಸುಡುವ ಸಿಪ್ಪೆಯನ್ನು ಎಡಗೈಯಲ್ಲೇ ಕಿತ್ತು, ಊದಿಕೊಂಡು ಗಬಗಬ ತಿಂತಾನೆ. ಎದುರಿಗೆ ಕೂತ ಮಗಳ ಮುಖ ನಮಗೆ ಸಿಗೋದು ಮಾರನೇ ದಿನದ ಊಟಕ್ಕೆ! ನಾವಾಗಿದ್ದರೆ ಅವನ ಮುಖ, ಇವಳ ಮುಖ ಅಂತ ಒಂದೇ ಊಟದಲ್ಲಿ ಚಕಚಕ ಮುಗಿಸ್ತಿದ್ದೆವು. ಅಪ್ಪನ ಮುಖದಿಂದ ಮಗಳ ಮುಖಕ್ಕೆ ಹೋಗುವ ಆ ಒಂದು 'ಕಟ್' ಅನ್ನು ಇವರು ಒಂದಿಡೀ ದಿನ ಕಾಯಿಸಿದ್ದಾರೆ. ಕತ್ತರಿಗೆ ಕೆಲಸವಿಲ್ಲ ಅಂತೀಯಾ?

ನಾನೊಮ್ಮೆ, ಅಜ್ಜಿಯೊಬ್ಬಳು ಬಾಗಿಲು ಹಾಕಿಕೊಳ್ಳುವ ಶಾಟನ್ನು ಬಾಗಿಲು ಮುಚ್ಚಿದ ಕೂಡಲೇ ತುಂಡರಿಸಿದೆ. ಒಳಗಿನಿಂದ ಚಿಲಕ ಹಾಕುವ ಸದ್ದು ಇದ್ದದ್ದು ಅದರ ಮುಂದಿನ ಐದು ಸೆಕೆಂಡಿನಲ್ಲಿ. ಥಿಯೇಟರಿನಲ್ಲಿ ಕೂತಾಗ ಹೊಟ್ಟೆ ಉರೀತು. ಆಮೇಲೆ ಯಾರಿಗೆ ಹೇಳೋದು?

ನಿನ್ನ ಆ ಎಂಟು ನಿಮಿಷದ ತಲೆ ಎಲ್ಲಿ, ಬಾಲ ಎಲ್ಲಿ ಅಂತ ಮೊದಲು ಹುಡುಕು. ಹನ್ನೆರಡು ಫ್ರೇಮ್, ಅಂದರೆ ಅರ್ಧ ಸೆಕೆಂಡ್, ಆಚೆ ಈಚೆ ಮಾಡಿ, ಸೌಂಡ್ ಹಾಕಿ ಒಂದು ಸಲ, ತೆಗೆದು ಒಂದು ಸಲ ನೋಡು. ಆಮೇಲೆ ನಿರ್ದೇಶಕರ ಹತ್ತಿರ ಹೋಗಿ, ಮುಂದಿನ ಶೆಡ್ಯೂಲ್‌ಗೆ ನಾನೂ ಬರ್ತೀನಿ ಅನ್ನು. ಬಸ್ ಚಾರ್ಜ್ ಕೊಡಲ್ಲ ಅಂದರೆ ನನಗೊಂದು ಫೋನ್ ಮಾಡು, ಕಳಿಸ್ತೀನಿ.

ಇಂತಿ,
ನಿನ್ನ ಮಾವ