ಹರಾಜು ಸಿಂಧನೂರಿನಲ್ಲಿ, ಅರ್ಜಿ ಬೆಂಗಳೂರಿನಲ್ಲಿ

ಮಾನ್ಯ ಸಂಪಾದಕರೇ,

ಸಾಲದ ಕಂತು ನಿಂತು ನಮ್ಮಣ್ಣನ ಮನೆಗೆ ಬ್ಯಾಂಕಿನವರು ಸ್ವಾಧೀನ ನೋಟಿಸ್ ಅಂಟಿಸಿದ್ದಾರೆ. ಇಲ್ಲಿನ ಸಿವಿಲ್ ಕೋರ್ಟಿಗೆ ಹೋಗೋಣವೆಂದರೆ, ಅಡವಿಟ್ಟ ಆಸ್ತಿಯನ್ನು ಬ್ಯಾಂಕೇ ವಶಪಡಿಸಿಕೊಂಡು ಸಾಲ ವಸೂಲು ಮಾಡಲು ಬಿಡುವ 2002ರ ಸರ್ಫೇಸಿ ಕಾಯ್ದೆ ಅದಕ್ಕೆ ಅಡ್ಡ. 45 ದಿನದೊಳಗೆ ಸಾಲ ವಸೂಲಾತಿ ನ್ಯಾಯಮಂಡಳಿಗೇ ಅರ್ಜಿ ಹಾಕಬೇಕು. ಅದಿರುವುದು ಬೆಂಗಳೂರಿನಲ್ಲಿ! ಅಕ್ಕಿ ಗಿರಣಿಯ ಹಮಾಲಿ ವಾಯಿದೆಗೊಮ್ಮೆ ರಾತ್ರಿ ಬಸ್ ಹತ್ತಲು ಆಗುತ್ತದಾ?

ಸಾಲ ತೀರಿಸಬೇಕು, ಅದರಲ್ಲಿ ತಕರಾರಿಲ್ಲ. ಆದರೆ ಬಾಕಿ ಕಟ್ಟಲು 60 ದಿನ ಕೊಡುವ ಮೊದಲ ನೋಟಿಸಿಗೆ ಆಕ್ಷೇಪ ಬರೆದುಕೊಟ್ಟರೆ ಬ್ಯಾಂಕ್ 15 ದಿನದಲ್ಲಿ ಉತ್ತರಿಸಬೇಕು ಎಂದು ಕಾಯ್ದೆಯಲ್ಲೇ ಇದೆ. ಅದನ್ನು ಅಣ್ಣನಿಗೆ ಯಾರೂ ಹೇಳಲಿಲ್ಲ. ಹರಾಜು ಪ್ರಕಟಣೆ ಬಂದ ಮೇಲಂತೂ ಪೂರ್ತಿ ಹಣ ಹೊಂದಿಸಿದರೂ ಬಿಡಿಸಿಕೊಳ್ಳುವ ಹಕ್ಕಿಲ್ಲ.

2008ರಲ್ಲಿ ಹೈಕೋರ್ಟ್ ಪೀಠವೇ ಕಲಬುರಗಿಗೆ ಬಂತು, ಅಲ್ವಾ? ಈ ನ್ಯಾಯಮಂಡಳಿಯೂ ತಿಂಗಳಿಗೆ ಕೆಲವು ದಿನವಾದರೂ ಅಲ್ಲಿ ಕಲಾಪ ನಡೆಸಲಿ.

– ಓದುಗ, ಸಿಂಧನೂರು, ರಾಯಚೂರು ಜಿಲ್ಲೆ